ಇಸೆಯ ಹೊಸ ಗುಡಿ ಮತ್ತು ಒಂದು ಮುಚ್ಚಿದ ಬಾಗಿಲು

ನಮ್ಮ ಕಚೇರಿಯಲ್ಲಿ ಒಂದು ತಂಡದ ಕೆಲಸವನ್ನು ಇನ್ನೊಂದು ತಂಡಕ್ಕೆ ಒಪ್ಪಿಸುವ ಮೊದಲು ಒಂದು ಗಂಟೆಯ ತರಬೇತಿ ಇರುತ್ತದೆ. ಹಲವು ವರ್ಷಗಳಿಂದ ಅದನ್ನು ನಾನೇ ನಡೆಸುತ್ತ ಬಂದಿದ್ದೇನೆ. ಅದರ ಮೂರನೆಯ ಸ್ಲೈಡಿನಲ್ಲಿ ಜಪಾನಿನ ಇಸೆ ಎಂಬ ಊರಿನ ಗುಡಿಯ ಚಿತ್ರವಿದೆ. "ಇದನ್ನು 1300 ವರ್ಷಗಳಿಂದ ಪ್ರತಿ 20 ವರ್ಷಕ್ಕೊಮ್ಮೆ ಪಕ್ಕದ ನಿವೇಶನದಲ್ಲಿ ಹೊಸದಾಗಿ ಕಟ್ಟಿ, ಹಳೆಯದನ್ನು ಬಿಚ್ಚುತ್ತಾರೆ. ಒಮ್ಮೆಯೂ ತಪ್ಪಿಲ್ಲ. ಹಿರಿಯ ಬಡಗಿಯಿಂದ ಕಿರಿಯ ಬಡಗಿಗೆ ವಿದ್ಯೆ ದಾಟುವುದು ಹೀಗೆ" ಎಂದು ಹೇಳಿ ಮುಂದಿನ ಸ್ಲೈಡಿಗೆ ಹೋಗುತ್ತಿದ್ದೆ. ಎಲ್ಲೋ ಓದಿದ ಮಾತು. ಯಾರೂ ಪ್ರಶ್ನೆ ಕೇಳಿರಲಿಲ್ಲ.

2025ರ ನವೆಂಬರಿನಲ್ಲಿ ಕೆಲಸದ ಮೇಲೆ ಮೂರು ವಾರ ನಗೋಯಾದಲ್ಲಿದ್ದೆ. ಅಲ್ಲಿಂದ ಇಸೆಗೆ ರೈಲಿನಲ್ಲಿ ಒಂದೂವರೆ ಗಂಟೆಯ ದಾರಿ. ಅಲ್ಲಿನ ನಮ್ಮ ಹಿರಿಯ ಸಹೋದ್ಯೋಗಿಯೊಬ್ಬರು ತಮ್ಮ ಕುಟುಂಬದ ಹೆಸರಿನಲ್ಲಿ ಕಾಗುರಾ ಸೇವೆ ಮಾಡಿಸುವವರಿದ್ದರು. "ನೀವೂ ಬನ್ನಿ, ಕೂತು ನೋಡಬಹುದು" ಎಂದರು. ಕಾಗುರಾ ಎಂದರೆ ದೇವರ ಮುಂದೆ ನಡೆಯುವ ಸಂಗೀತ ಮತ್ತು ನೃತ್ಯ. ನಮ್ಮ ಮಾತಿನಲ್ಲಿ ರಂಗಪೂಜೆಗೋ ಅಷ್ಟಾವಧಾನ ಸೇವೆಗೋ ರಸೀದಿ ಮಾಡಿಸಿದ ಹಾಗೆ.

ಇಸೆಯಲ್ಲಿ ಮುಖ್ಯವಾದ ಗುಡಿಗಳು ಎರಡು. ಆಹಾರದ ದೇವತೆ ತೊಯೊಉಕೆಯದು ಹೊರಗುಡಿ, ಗೆಕು. ಸೂರ್ಯದೇವತೆ ಅಮತೆರಸುವಿನದು ಒಳಗುಡಿ, ನೈಕು. ಮೊದಲು ಹೊರಗುಡಿಗೆ ಹೋಗಿ ಆಮೇಲೆ ಒಳಗುಡಿಗೆ ಬರುವುದು ಪದ್ಧತಿ. ನಾವೂ ಹಾಗೇ ಮಾಡಿದೆವು. ಒಳಗುಡಿಗೆ ಇಸುಜು ಹೊಳೆ ದಾಟಿ ಹೋಗಬೇಕು. ಸುಮಾರು ನೂರು ಮೀಟರ್ ಉದ್ದದ ಮರದ ಸೇತುವೆ, ಅದರ ಎರಡೂ ತುದಿಗೆ ತೋರಿಯಿ, ಅಂದರೆ ಮರದ ಮಹಾದ್ವಾರ. ಆ ದ್ವಾರದ ಕಂಬಗಳು ಹಿಂದಿನ ಗುಡಿಗಳ ಮೋಂಬಿಗೆ ಆಧಾರವಾಗಿದ್ದ ಕಂಬಗಳೇ ಎಂದು ಸಹೋದ್ಯೋಗಿ ತೋರಿಸಿದರು. ಇಲ್ಲಿ 20 ವರ್ಷ ನಿಂತ ಮೇಲೆ ಅವು ಕುವಾನಾ ಮತ್ತು ಸೆಕಿ ಎಂಬ ಹಳೆಯ ಹೆದ್ದಾರಿಯ ಊರುಗಳಿಗೆ ಹೋಗಿ ಅಲ್ಲಿ ಮತ್ತೆ ದ್ವಾರಗಳಾಗುತ್ತವೆ. ಮರ ಮುದಿಯಾಗುವವರೆಗೂ ದುಡಿಯುತ್ತದೆ.

ಹೊಳೆಯಲ್ಲಿ ಕೈ ತೊಳೆದು, ದೇವದಾರಿನಂತೆ ಎತ್ತರವಾದ ಮರಗಳ ನಡುವೆ ಜಲ್ಲಿಕಲ್ಲಿನ ದಾರಿಯಲ್ಲಿ ನಡೆದೆವು. ಗುಡಿಯ ಹತ್ತಿರ ಬಂದಾಗ ಕಾಣುವುದು ಬೇಲಿ ಮಾತ್ರ. ಗರ್ಭಗುಡಿಯ ಸುತ್ತ ನಾಲ್ಕು ಸುತ್ತಿನ ಬೇಲಿ. ನಮ್ಮಂಥವರು ನಿಲ್ಲುವುದು ಹೊರಸುತ್ತಿನ ಬಾಗಿಲಲ್ಲಿ, ಒಂದು ಬಿಳಿಯ ಪರದೆಯ ಮುಂದೆ. ಎರಡು ಸಲ ಬಾಗಿ, ಎರಡು ಸಲ ಚಪ್ಪಾಳೆ ತಟ್ಟಿ, ಮತ್ತೊಮ್ಮೆ ಬಾಗಬೇಕು. ಪಕ್ಕದಲ್ಲೇ ಅಷ್ಟೇ ಅಳತೆಯ ಖಾಲಿ ನಿವೇಶನ. ಅದರ ನಡುವೆ ನಾಯಿಗೂಡಿನಷ್ಟು ಚಿಕ್ಕ ಮರದ ಗೂಡು. 2013ರವರೆಗೆ ಗುಡಿ ಇದ್ದದ್ದು ಅಲ್ಲಿ. 2033ಕ್ಕೆ ಮತ್ತೆ ಅಲ್ಲಿಗೇ ಬರುತ್ತದೆ. ಅದರ ಮೊದಲ ವಿಧಿ, ಮರ ಕಡಿಯುವ ಮುನ್ನ ಬೆಟ್ಟದ ಬುಡದಲ್ಲಿ ಮಾಡುವ ಪೂಜೆ, ನಾನು ಹೋಗುವ ಆರು ತಿಂಗಳ ಹಿಂದೆ ನಡೆದಿತ್ತು.

ಕಾಗುರಾ ನಡೆಯುವುದು ಅದೇ ಆವರಣದ ಇನ್ನೊಂದು ದೊಡ್ಡ ಭವನದಲ್ಲಿ. ಹೆಸರು ಕರೆದಾಗ ಒಳಗೆ ಹೋಗಿ ಚಾಪೆಯ ನೆಲದ ಮೇಲೆ ಕೂತೆವು. ಪುರೋಹಿತರೊಬ್ಬರು ನಮ್ಮೆಲ್ಲರನ್ನು ಶುದ್ಧಿ ಮಾಡಿದರು. ದೇವರ ಮುಂದೆ ನೈವೇದ್ಯ ಇಡಲಾಯಿತು. ಆಮೇಲೆ ಇನ್ನೊಬ್ಬರು ನೋರಿತೊ, ಅಂದರೆ ಪ್ರಾರ್ಥನೆಯ ಗದ್ಯ, ಓದಿದರು. ಹಳೆಯ ಜಪಾನಿ ಭಾಷೆ. ನನಗೆ ತಿಳಿದದ್ದು ಎರಡೇ ಶಬ್ದ: ಸಹೋದ್ಯೋಗಿಯ ಹೆಸರು ಮತ್ತು "ನಗೋಯಾ". ಊರು, ಹೆಸರು, ಬೇಡಿಕೆ. ನಮ್ಮ ಸಂಕಲ್ಪದಲ್ಲಿ ಭಟ್ಟರು ಗೋತ್ರ ನಕ್ಷತ್ರ ಹೇಳುವಾಗ ನಾವು ಬೆನ್ನು ನೆಟ್ಟಗೆ ಮಾಡುವ ಹಾಗೆ ಅವರೂ ನೆಟ್ಟಗಾದರು.

ಆಮೇಲೆ ಸಂಗೀತ. ಬಿದಿರಿನ ಕೊಳವೆಗಳ ಕಟ್ಟಿನಂತಿರುವ ಶೋ, ನಮ್ಮ ಮುಖವೀಣೆಯನ್ನು ನೆನಪಿಸುವ ಹಿಚಿರಿಕಿ, ಒಂದು ಕೊಳಲು, ಮದ್ದಳೆ. ಲಯಕ್ಕೆ ಅವಸರವೇ ಇಲ್ಲ. ಕೆಂಪು ಹಕಾಮಾ ಉಟ್ಟ ಹುಡುಗಿಯರು ಸಕಾಕಿ ಮರದ ಹಸಿರು ಟೊಂಗೆ ಹಿಡಿದು ಯಮಾತೊ-ಮಾಯಿ ಎಂಬ ನೃತ್ಯ ಮಾಡಿದರು. ನೃತ್ಯ ಎನ್ನುವುದಕ್ಕಿಂತ ನಡಿಗೆ ಎನ್ನಬಹುದು. ಒಂದು ತಿರುವಿಗೆ ಹತ್ತು ಉಸಿರು ಬೇಕು. ನನ್ನ ಕಾಲು ಜೋಮು ಹಿಡಿದಿತ್ತು. ಆದರೂ ಯಾವುದೋ ಅತಿ ಹಳೆಯ ಕಾಲದೊಳಗೆ ಕೂತಿದ್ದೇನೆ ಎಂಬ ಭಾವ ಬಂದದ್ದು ನಿಜ.

ಹೊರಗೆ ಬಂದು ಅದನ್ನೇ ಹೇಳಿದೆ. "1300 ವರ್ಷದಿಂದ ಇಲ್ಲಿ ಹೀಗೇ ನಡೆಯುತ್ತಿದೆಯಲ್ಲ!" ಅವರು ನಕ್ಕರು. "ಇಲ್ಲಿ ಅಲ್ಲ. ನಮ್ಮ ತಾತನ ಅಜ್ಜ ಬಂದಿದ್ದರೆ ಈ ಸೇವೆ ಮಾಡಿಸಲು ಗುಡಿಗೆ ಬರುತ್ತಿರಲಿಲ್ಲ, ಓಶಿಯ ಮನೆಗೆ ಹೋಗುತ್ತಿದ್ದರು" ಎಂದರು. ನಗೋಯಾಕ್ಕೆ ಹಿಂದಿರುಗುವಾಗ ಶುರುವಾದ ಓದು ಮುಂಬಯಿಗೆ ಬಂದ ಮೇಲೂ ನಿಲ್ಲಲಿಲ್ಲ.

ಓಶಿಗಳನ್ನು ಅರ್ಥ ಮಾಡಿಕೊಳ್ಳಲು ನಮಗೆ ಕಷ್ಟವಿಲ್ಲ. ಗೋಕರ್ಣಕ್ಕೆ ಹೋದವರು ಭಟ್ಟರ ಮನೆಯಲ್ಲೇ ಇಳಿದು, ಅಲ್ಲೇ ಉಂಡು, ಅವರಿಂದಲೇ ಪೂಜೆ ಮಾಡಿಸುತ್ತಿದ್ದರಲ್ಲ, ಹಾಗೆ. ಇಸೆಯ ಎರಡು ಗುಡಿಗಳ ಸುತ್ತ ಇಂಥ ನೂರಾರು ಮನೆಗಳಿದ್ದವು. ಅವರ ಆಳುಗಳು ವರ್ಷವರ್ಷವೂ ದೇಶವೆಲ್ಲ ತಿರುಗಿ ದೇವರ ಹೆಸರಿನ ಚೀಟಿಯನ್ನೂ ಇಸೆಯ ಪಂಚಾಂಗವನ್ನೂ ಹಂಚುತ್ತಿದ್ದರು. ಹಳ್ಳಿಯವರು ಚೀಟಿ ಹಣ ಕೂಡಿಸಿ ಸರದಿಯ ಮೇಲೆ ಕೆಲವರನ್ನು ಯಾತ್ರೆಗೆ ಕಳಿಸುತ್ತಿದ್ದರು. 1830ರಲ್ಲಿ ಕೆಲವೇ ತಿಂಗಳಲ್ಲಿ 40 ಲಕ್ಷಕ್ಕೂ ಹೆಚ್ಚು ಜನ ಇಸೆಗೆ ಬಂದರೆಂದು ಲೆಕ್ಕ. ಆಗ ಜಪಾನಿನ ಜನಸಂಖ್ಯೆ ಸುಮಾರು 3 ಕೋಟಿ. ಈ ಯಾತ್ರಿಕರಿಗೆ ಕಾಗುರಾ ಸೇವೆ ಓಶಿಯ ಮನೆಯಲ್ಲೇ ಆಗುತ್ತಿತ್ತು. ಆ ಪರಂಪರೆಯ ಕಾಗುರಾದಲ್ಲಿ ಕುದಿಯುವ ನೀರಿನ ಹಂಡೆಗೆ ದೊಡ್ಡ ಸ್ಥಾನ. ಅದರ ತುಣುಕುಗಳು ಇಂದಿಗೂ ದೂರದ ಮಲೆನಾಡಿನ ಹಳ್ಳಿಗಳ ಚಳಿಗಾಲದ ಜಾತ್ರೆಗಳಲ್ಲಿ ಉಳಿದಿವೆ. 1871ರಲ್ಲಿ ಮೇಜಿ ಸರಕಾರ ಓಶಿಗಳನ್ನು ರದ್ದು ಮಾಡಿತು. ಗುಡಿಯ ಪುರೋಹಿತಿಕೆ ವಂಶಪಾರಂಪರ್ಯವಾಗಿ ಬರುವುದೂ ನಿಂತಿತು. ಆಮೇಲೆ ಕಾಗುರಾ ಗುಡಿಯ ಆವರಣಕ್ಕೆ ಬಂತು. ಎರಡು ಸಲ ಬಾಗಿ ಎರಡು ಚಪ್ಪಾಳೆ ತಟ್ಟುವ ಕ್ರಮ ಹೆಚ್ಚಿನ ಊರುಗಳಿಗೆ ಒಂದೇ ಆದದ್ದೂ ಆ ಕಾಲದ ನಂತರವೇ. ನಾನು "ಅತಿ ಹಳೆಯ ಕಾಲ" ಎಂದುಕೊಂಡದ್ದರ ಒಂದು ಭಾಗಕ್ಕೆ ನಮ್ಮ ವಿಕ್ಟೋರಿಯಾ ಟರ್ಮಿನಸ್ ಕಟ್ಟಡದ ವಯಸ್ಸು.

ಇರಲಿ, ಸೇವೆಯ ಜಾಗ ಬದಲಾದರೇನು, ಗುಡಿಯಂತೂ ತಪ್ಪದೆ ಕಟ್ಟುತ್ತ ಬಂದಿದ್ದಾರಲ್ಲ ಎಂದುಕೊಂಡೆ. ನನ್ನ ಸ್ಲೈಡು ಬಿದ್ದದ್ದು ಇಲ್ಲೇ.

ಮೊದಲ ಸಲ ಒಳಗುಡಿ ಹೀಗೆ ಹೊಸದಾದದ್ದು 690ರಲ್ಲಿ, ಸಾಮ್ರಾಜ್ಞಿ ಜಿತೋ ಕಾಲದಲ್ಲಿ. ಹೊರಗುಡಿಯದು 692ರಲ್ಲಿ. ಮುಂದೆ ದೇಶಕ್ಕೆಲ್ಲ ಹಾಕಿದ ತೆರಿಗೆಯಿಂದ ಕೆಲಸ ನಡೆಯುತ್ತಿತ್ತು. ಹದಿನೈದನೇ ಶತಮಾನದಲ್ಲಿ ಶೋಗನರ ಆಳ್ವಿಕೆ ಕುಸಿದು, 1467ರಲ್ಲಿ ಓನಿನ್ ಯುದ್ಧ ಶುರುವಾಗಿ, ಕ್ಯೋಟೋ ಸುಟ್ಟುಹೋಯಿತು. ತೆರಿಗೆ ಕೊಡುವವರಿಲ್ಲ, ಕೇಳುವವರಿಲ್ಲ. ಹೊರಗುಡಿ 1434ರ ನಂತರ ಹೊಸದಾದದ್ದು 1563ರಲ್ಲಿ. ಒಳಗುಡಿ 1462ರ ನಂತರ 1585ರಲ್ಲಿ. ಅಂದರೆ 120 ವರ್ಷಕ್ಕೂ ಹೆಚ್ಚು ಕಾಲ ಆ ಚಕ್ರ ನಿಂತೇ ಹೋಗಿತ್ತು. ನಡುವೆ ನಡೆದದ್ದು ತಾತ್ಕಾಲಿಕ ತೇಪೆ ಮಾತ್ರ. ಹಿರಿಯ ಬಡಗಿಯಿಂದ ಕಿರಿಯ ಬಡಗಿಗೆ ಎಂಬ ನನ್ನ ಸಾಲಿನಲ್ಲಿ ನಾಲ್ಕೈದು ತಲೆಮಾರು ಕಾಣೆ.

ಮತ್ತೆ ಶುರು ಮಾಡಿಸಿದವರು ಯಾರು? ಇಲ್ಲಿ ಕಥೆ ವಿಚಿತ್ರವಾಗುತ್ತದೆ. ಬೌದ್ಧ ಸನ್ಯಾಸಿನಿಯರು.

ಇಸೆಗೂ ಬೌದ್ಧರಿಗೂ ಇದ್ದ ಅಂತರ ಎಂಥದೆಂದು ತಿಳಿಯಲು ಒಂದು ಉದಾಹರಣೆ ಸಾಕು. 927ರಲ್ಲಿ ಸಿದ್ಧವಾದ ಎಂಗಿಶಿಕಿ ಎಂಬ ಆಡಳಿತ ಗ್ರಂಥದಲ್ಲಿ, ಇಸೆಯ ದೇವಿಯ ಸೇವೆಗೆ ನೇಮಕವಾದ ರಾಜಕುಮಾರಿಯ ಅರಮನೆಯಲ್ಲಿ ಆಡಬಾರದ ಮಾತುಗಳ ಪಟ್ಟಿಯಿದೆ. ಬುದ್ಧ ಎನ್ನುವಂತಿಲ್ಲ, "ನಡುವಿನವ" ಎನ್ನಬೇಕು. ಸೂತ್ರಗ್ರಂಥಕ್ಕೆ "ಬಣ್ಣದ ಕಾಗದ". ವಿಹಾರಕ್ಕೆ "ಹೆಂಚಿನ ಮಾಡು". ತಲೆ ಬೋಳಿಸಿದ ಭಿಕ್ಷುವಿಗೆ "ಉದ್ದಗೂದಲಿನವ". ಕತ್ತಲಾದ ಮೇಲೆ ನಮ್ಮಲ್ಲಿ ಹಾವನ್ನು "ಹುಳ" ಎನ್ನುತ್ತಾರಲ್ಲ, ಅಂಥದು. ಭಿಕ್ಷುಗಳು ಗುಡಿಯ ಹತ್ತಿರ ಹೋಗುವಂತಿರಲಿಲ್ಲ, ದೂರದ ಜಾಗದಿಂದ ಕೈಮುಗಿಯಬೇಕಿತ್ತು. 1684ರಲ್ಲಿ ಬಂದ ಕವಿ ಬಾಶೋ ಸನ್ಯಾಸಿಯಲ್ಲದಿದ್ದರೂ ಬೋಳು ತಲೆಯ ಕಾರಣಕ್ಕೆ ಅವನನ್ನೂ ಒಳಗೆ ಬಿಡಲಿಲ್ಲ.

ಅಂಥ ಗುಡಿಗಾಗಿ ಕೇಕೋಇನ್ ಮಠದ ಸನ್ಯಾಸಿನಿ ಸೇಜುನ್ ಯುದ್ಧಕಾಲದ ದೇಶದಲ್ಲಿ ಊರೂರು ಅಲೆದು ಕಾಣಿಕೆ ಎತ್ತಿದಳು. ಮೊದಲು, 1549ರಲ್ಲಿ, ಕೊಚ್ಚಿಹೋಗಿದ್ದ ಇಸುಜು ಹೊಳೆಯ ಸೇತುವೆ ಕಟ್ಟಿಸಿದಳು. ಆಮೇಲೆ 1563ರ ಹೊರಗುಡಿ. ಅವಳ ನಂತರ ಬಂದ ಶೂಯೋ ಅದೇ ಕೆಲಸ ಮುಂದುವರಿಸಿ ದೊಡ್ಡವರ ಬಾಗಿಲು ತಟ್ಟಿದಳು. 1582ರ ಆರಂಭದಲ್ಲಿ ದಂಡನಾಯಕ ಒದಾ ನೊಬುನಾಗನ ಮುಂದೆ ಇಸೆಯವರ ಅಂದಾಜುಪಟ್ಟಿ ಬಂತು: 1000 ಕಾನ್ ನಾಣ್ಯ ಕೊಟ್ಟರೆ ಸಾಕು, ಉಳಿದದ್ದು ಕಾಣಿಕೆಯಿಂದ ಆದೀತು. ನೊಬುನಾಗ ಎಂದರೆ 1571ರಲ್ಲಿ ಹಿಯೇ ಬೆಟ್ಟದ ಬೌದ್ಧ ವಿಹಾರಗಳನ್ನು ಸುಟ್ಟವನು. ಅವನ ಚರಿತ್ರೆ ಬರೆದವನು ದಾಖಲಿಸಿದಂತೆ, ಹಿಂದೊಮ್ಮೆ ಹಚಿಮಾನ್ ಗುಡಿಗೆ 300 ಕಾನ್ ಸಾಕೆಂದು ಹೇಳಿ ಕೊನೆಗೆ 1000 ದಾಟಿದ್ದು ಅವನಿಗೆ ನೆನಪಿತ್ತು. ಅದಕ್ಕೇ 3000 ಮಂಜೂರು ಮಾಡಿ, ಇನ್ನೂ ಬೇಕಾದರೆ ಕೊಡಿ ಎಂದ. ಪ್ರಾಜೆಕ್ಟ್ ಮ್ಯಾನೇಜರ್ ಆಗಿ ನಾನು ಈ ಭಾಗವನ್ನು ಎರಡು ಸಲ ಓದಿದೆ. ಆರು ತಿಂಗಳೊಳಗೆ ನೊಬುನಾಗ ಹೊನ್ನೋಜಿಯಲ್ಲಿ ಸತ್ತ. ಹಣ ಕೊಡುವ ಹೊಣೆ ಹಿದೆಯೋಶಿ ಹೊತ್ತ. 1585ರಲ್ಲಿ ಎರಡೂ ಗುಡಿಗಳು ಹೊಸದಾದವು.

ಆಮೇಲಿನ ಕಥೆಯನ್ನು ಊಹಿಸಬಹುದು. ದೇಶ ಶಾಂತವಾಗಿ ಹಣ ಹರಿಯತೊಡಗಿದ ಮೇಲೆ, ಸನ್ಯಾಸಿನಿಯರಿಗೆ ಇಲ್ಲೇನು ಕೆಲಸ ಎಂದು ಪುರೋಹಿತರು ದೂರಿದರು. ಹದಿನೇಳನೇ ಶತಮಾನದ ಉತ್ತರಾರ್ಧದಲ್ಲಿ ಆ ಪಾತ್ರವನ್ನು ಅವರಿಂದ ತೆಗೆಯಲಾಯಿತು. 1868ರಲ್ಲಿ ಮೇಜಿ ಸರಕಾರ ಬುದ್ಧನನ್ನೂ ಶಿಂತೋ ದೇವರುಗಳನ್ನೂ ಬೇರೆ ಮಾಡಲು ಆಜ್ಞೆ ಹೊರಡಿಸಿತು. 1869ರಲ್ಲಿ ಚಕ್ರವರ್ತಿ ಸ್ವತಃ ಇಸೆಗೆ ಬಂದ. ಜಿತೋ ನಂತರ ಆಳುವ ಚಕ್ರವರ್ತಿ ಬಂದದ್ದು ಅದೇ ಮೊದಲು. ಆ ವೇಳೆಗೆ ಸುತ್ತಲಿನ ನೂರಕ್ಕೂ ಹೆಚ್ಚು ಬೌದ್ಧ ಮಂದಿರಗಳು ಮುಚ್ಚಿದ್ದವು. ಅದೇ ವರ್ಷ ಕೇಕೋಇನ್ ಮಠವೂ ಇಲ್ಲವಾಯಿತು.

ಓದುತ್ತ ಇಲ್ಲಿಗೆ ಬಂದಾಗ ನನಗೊಂದು ನೆನಪಾಯಿತು. ಸೇವೆ ಮುಗಿಸಿ ಹೊಳೆ ದಾಟಿ, ಮೋಚಿ ಅಂಗಡಿಗಳ ಒಹರಾಯಿಮಾಚಿ ಬೀದಿಯಲ್ಲಿ ನಡೆಯುವಾಗ, ಒಂದು ದೊಡ್ಡ ಹಳೆಯ ಬಾಗಿಲು ಮುಚ್ಚಿತ್ತು. ಇದೇನೆಂದು ಕೇಳಿದ್ದೆ. "ಗುಡಿಯ ಮುಖ್ಯ ಅರ್ಚಕಿ ಬಂದಾಗ ಇಳಿದುಕೊಳ್ಳುವ ಮನೆ. ಹಿಂದೆ ಸನ್ಯಾಸಿನಿಯರ ಮಠ" ಎಂದಿದ್ದರು ಸಹೋದ್ಯೋಗಿ. ನಾನು ತಲೆಯಾಡಿಸಿ ಮುಂದಿನ ಅಂಗಡಿಯ ಕಡೆ ಹೋಗಿದ್ದೆ. ಅದು ಕೇಕೋಇನ್.

ನಾನು ಕರಾವಳಿಯವನು. ನಮ್ಮೂರ ದೇವಸ್ಥಾನದ ಜೀರ್ಣೋದ್ಧಾರ, ಬ್ರಹ್ಮಕಲಶ ಎಂದರೆ ಇಲ್ಲಿ ಮುಂಬಯಿ ಸಮಿತಿ ಆಗಲೇಬೇಕು. ಕಳೆದ ಸಲ ದೊಂಬಿವಲಿಯಿಂದ ಮೀರಾ ರೋಡಿನವರೆಗೆ ರಸೀದಿ ಪುಸ್ತಕ ಹಿಡಿದು ಅತಿ ಹೆಚ್ಚು ಮೆಟ್ಟಿಲು ಹತ್ತಿದವರು ನಮ್ಮ ಕಟ್ಟಡದ ಇಬ್ಬರು ಅಕ್ಕಂದಿರು. ಊರಿನಲ್ಲಿ ಹೊಸ ಗೋಪುರದ ಕೆಳಗೆ ಅಮೃತಶಿಲೆಯ ಹಲಗೆಯಿದೆ. ದೊಡ್ಡ ಮೊತ್ತದಿಂದ ಚಿಕ್ಕ ಮೊತ್ತದವರೆಗೆ ಹೆಸರುಗಳು. ನನ್ನದೂ ಇದೆ. ಅವರದಿಲ್ಲ, ಅವರು ಕೈಯಿಂದ ಕೊಟ್ಟ ಹಣ ಹಲಗೆಯ ಮಟ್ಟಕ್ಕೆ ಬರಲಿಲ್ಲ. ಸಮಿತಿಯ ಸಭೆಯಲ್ಲಿ ನಾನೂ ಇದ್ದೆ. ಆಗ ಅದು ತಪ್ಪೆಂದು ಹೊಳೆದಿರಲಿಲ್ಲ.

ಇಸೆಯ ಚಕ್ರ ಇನ್ನೊಮ್ಮೆಯೂ ತಪ್ಪಿದೆ. 1949ರಲ್ಲಿ ಆಗಬೇಕಿದ್ದದ್ದು ಯುದ್ಧದ ಸೋಲಿನಿಂದ 1953ಕ್ಕೆ ಹೋಯಿತು. ಸರಕಾರದ ಹಣ ನಿಂತಿದ್ದರಿಂದ ಜನರ ಕಾಣಿಕೆಯಿಂದಲೇ ಕಟ್ಟಿದರು. ಆದರೆ ಸೇತುವೆಯನ್ನು ಮಾತ್ರ 1949ರಲ್ಲೇ ಹೊಸದು ಮಾಡಿದರು. ಸೇಜುನ್ ಕೂಡ ಸೇತುವೆಯಿಂದಲೇ ಶುರು ಮಾಡಿದ್ದಳು.

ನನ್ನ ಮೂರನೆಯ ಸ್ಲೈಡನ್ನು ತಿದ್ದಿದ್ದೇನೆ. "ಒಮ್ಮೆಯೂ ತಪ್ಪಿಲ್ಲ" ಎಂಬ ಸಾಲು ತೆಗೆದು, 1462 ಮತ್ತು 1585 ಎಂಬ ಎರಡು ಇಸವಿ, ನಡುವೆ ಖಾಲಿ ಜಾಗ, ಅದರ ಕೆಳಗೆ ಸೇಜುನ್, ಶೂಯೋ ಎಂಬ ಹೆಸರು ಹಾಕಿದ್ದೇನೆ. ಮೊನ್ನೆ ಮೊದಲ ಸಲ ಒಬ್ಬ ಹುಡುಗ ಕೈಯೆತ್ತಿ, "ಸರ್, ಇವರು ಯಾರು?" ಎಂದು ಕೇಳಿದ. ಊರಿನ ಸಮಿತಿಗೂ ಹಲಗೆಯ ವಿಷಯ ಬರೆದಿದ್ದೇನೆ. ಉತ್ತರ ಇನ್ನೂ ಬಂದಿಲ್ಲ.