ಚೀಟಿಯಿಂದ ಲೆಕ್ಕದ ಪುಸ್ತಕಕ್ಕೆ: ಮಲಂಗಗಡದ ವ್ಯಾಜ್ಯ

ಠಾಣೆ ಜಿಲ್ಲೆಯ ಕಲ್ಯಾಣ್ ಪಟ್ಟಣದ ದಕ್ಷಿಣಕ್ಕೆ ಮಲಂಗಗಡ ಎಂಬ ಬೆಟ್ಟವಿದೆ. ಅಲ್ಲಿರುವುದು ಅರಬ್ ದೇಶದಿಂದ ಬಂದನೆನ್ನಲಾದ ಸೂಫಿ ಸಂತ ಹಾಜಿ ಮಲಂಗನ ದರ್ಗಾ. ನಾಥಪಂಥದ ಮಚ್ಛಿಂದ್ರನಾಥರ ಸಮಾಧಿ ಎಂದು ನಂಬುವ ಹಿಂದೂಗಳಿಗೆ ಅದೇ ಶ್ರೀ ಮಲಂಗ. ಬಾಬಾಬುಡನ್‌ಗಿರಿಯ ಕಥೆ ಬಲ್ಲ ಕನ್ನಡಿಗರಿಗೆ ಇದು ಹೊಸದೆನಿಸದು. ವಿಶೇಷವೆಂದರೆ, ಇಲ್ಲಿನ ಆಡಳಿತ ವಂಶಪಾರಂಪರ್ಯವಾಗಿ ಬಂದಿರುವುದು ಕಲ್ಯಾಣದ ಕೇತ್ಕರ್ ಎಂಬ ಬ್ರಾಹ್ಮಣ ಮನೆತನಕ್ಕೆ.

ಇದರ ಮೂಲ ಮೊದಲನೆಯ ಆಂಗ್ಲೋ-ಮರಾಠಾ ಯುದ್ಧದಲ್ಲಿದೆ. 1780ರಲ್ಲಿ ಕಂಪನಿಯ ಸೈನ್ಯ ಕಲ್ಯಾಣಕ್ಕೆ ಬಂದಿತ್ತು. ಅದು ಹಿಂದಿರುಗಿದ್ದು ಸಂತನ ಮಹಿಮೆಯಿಂದ ಎಂದು ಜನ ನಂಬಿದರು. ಪೇಶ್ವೆಗಳ ಪರವಾಗಿ ಹರಕೆಯ ಕಾಣಿಕೆ ಹೊತ್ತು ಬೆಟ್ಟ ಹತ್ತಿದವರು ಕಾಶೀನಾಥ ಪಂತ ಕೇತ್ಕರ್. ಗೋರಿಯ ದುರಸ್ತಿಯನ್ನೂ ಅವರು ಮಾಡಿಸಿದರು.

ಬ್ರಾಹ್ಮಣನೊಬ್ಬ ದರ್ಗಾ ನೋಡಿಕೊಳ್ಳುವುದಕ್ಕೆ ಸ್ಥಳೀಯ ಮುಸ್ಲಿಮರಿಂದ ವಿರೋಧ ಬಂತು. 1817ರಲ್ಲಿ ಜಗಳ ಬಿಗಡಾಯಿಸಿದಾಗ ಸಂತನ ಇಚ್ಛೆಯನ್ನೇ ಕೇಳುವುದೆಂದು ಚೀಟಿ ಎತ್ತಲಾಯಿತು. ಮೂರು ಸಲವೂ ಅದು ಬಂದದ್ದು ಕಾಶೀನಾಥ ಪಂತರ ಪ್ರತಿನಿಧಿಯ ಪಾಲಿಗೆ. 1882ರ ಠಾಣೆ ಗೆಜೆಟಿಯರ್ ಈ ಸಂಗತಿಯನ್ನು ದಾಖಲಿಸಿದೆ.

ಪಟ್ಟ ಯಾರಿಗೆಂಬುದನ್ನು ಚೀಟಿ ಹೇಳಿತು. ಆದರೆ ಪಟ್ಟಕ್ಕೆ ಬಂದವನು ಒಡೆಯನೋ ಕಾವಲುಗಾರನೋ ಎಂಬುದನ್ನು ಅದು ಹೇಳಲಿಲ್ಲ. ಆ ಪ್ರಶ್ನೆ ಉತ್ತರ ಕಂಡದ್ದು ನ್ಯಾಯಾಲಯಗಳಲ್ಲಿ.

1954ರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ಸ್ಥಳದ ಮಿಶ್ರ ಸ್ವರೂಪವನ್ನು ಗುರುತಿಸಿತು. ಹಿಂದೂ ಕಾನೂನಾಗಲಿ ಮುಸ್ಲಿಂ ಕಾನೂನಾಗಲಿ ಇದಕ್ಕೆ ಅನ್ವಯಿಸದು. ಇಲ್ಲಿ ನಡೆಯಬೇಕಾದದ್ದು ಸ್ಥಳದ ರೂಢಿ, ಇಲ್ಲವೇ ಟ್ರಸ್ಟುಗಳ ಸಾಮಾನ್ಯ ಕಾನೂನು. ಹೀಗೆ ಯಾವ ಧರ್ಮದವನು ಎಂಬುದರ ಜಾಗದಲ್ಲಿ ಟ್ರಸ್ಟಿಯಾಗಿ ಹೇಗೆ ನಡೆದುಕೊಂಡ ಎಂಬುದು ಮುಖ್ಯವಾಯಿತು.

1968ರ ಏಪ್ರಿಲ್‌ನಲ್ಲಿ ತೀರ್ಪಾದ ಗೋಪಾಲ ಕೃಷ್ಣಾಜಿ ಕೇತ್ಕರ್ ಪ್ರಕರಣದಲ್ಲಿ ಇದು ಇನ್ನಷ್ಟು ಸ್ಪಷ್ಟವಾಯಿತು. 134ನೆಯ ನಂಬರಿನ ಜಮೀನು ದರ್ಗಾದ್ದೋ ಟ್ರಸ್ಟಿಯ ಸ್ವಂತದ್ದೋ ಎಂಬುದು ವಿವಾದ. ಜಮೀನಿನ ಆದಾಯ ತಾವು ಪಡೆಯುತ್ತಿದ್ದುದನ್ನು ಟ್ರಸ್ಟಿ ಒಪ್ಪಿಕೊಂಡರು. ದರ್ಗಾದ ಆದಾಯಕ್ಕೆ ಪ್ರತ್ಯೇಕ ಲೆಕ್ಕವಿದೆಯೆಂದೂ ಹೇಳಿದರು. ಆದರೆ ಆ ಲೆಕ್ಕವನ್ನೂ ತಮ್ಮ ಲೆಕ್ಕವನ್ನೂ ಹಾಜರುಪಡಿಸಲಿಲ್ಲ. ರುಜುವಾತು ಮಾಡಬೇಕಾದದ್ದು ಎದುರು ಪಕ್ಷ, ಕೇಳದ ಹೊರತು ಲೆಕ್ಕ ಕೊಡುವ ಹೊಣೆ ತಮ್ಮದಲ್ಲ ಎಂಬುದು ಅವರ ವಾದ.

ನ್ಯಾಯಮೂರ್ತಿ ವಿ. ರಾಮಸ್ವಾಮಿ ಬರೆದ ತೀರ್ಪು ಅದನ್ನು ಒಪ್ಪಲಿಲ್ಲ. ರುಜುವಾತಿನ ಭಾರ ಯಾರದೇ ಇರಲಿ, ಮುಖ್ಯ ದಾಖಲೆಯನ್ನು ಕೈಯಲ್ಲಿಟ್ಟುಕೊಂಡು ಬಚ್ಚಿಟ್ಟರೆ ಅದು ಅವನಿಗೆ ವಿರುದ್ಧವಾಗಿಯೇ ಇದೆಯೆಂದು ನ್ಯಾಯಾಲಯ ಊಹಿಸಬಹುದು. ಇದಕ್ಕೆ ಆಧಾರ ಸಾಕ್ಷ್ಯ ಕಾಯಿದೆಯ 114ನೆಯ ಕಲಮು, ಜೊತೆಗೆ ತಮಿಳು ಮಠವೊಂದರ ವಿಷಯದಲ್ಲಿ 1917ರಲ್ಲಿ ಪ್ರಿವಿ ಕೌನ್ಸಿಲ್ ಕೊಟ್ಟ ತೀರ್ಪು. ಜಮೀನು ದರ್ಗಾದ್ದೇ ಎಂದು ನಿರ್ಧಾರವಾಯಿತು. ಈ ವ್ಯಾಜ್ಯದಲ್ಲಿ ಮತ್ತೆ ಸ್ಪಷ್ಟವಾದ ಈ ನಿಯಮವನ್ನು ದೇಶದ ನ್ಯಾಯಾಲಯಗಳು ಇಂದಿಗೂ ಉಲ್ಲೇಖಿಸುತ್ತವೆ.

ಮುಂಬೈ ಸಾರ್ವಜನಿಕ ಟ್ರಸ್ಟ್ ಕಾಯಿದೆ 1950ರಲ್ಲಿ ಬಂದದ್ದೂ ಇದೇ ತಿಳಿವಳಿಕೆಯಿಂದ. ಟ್ರಸ್ಟ್ ನೋಂದಣಿಯಾಗಬೇಕು, ಲೆಕ್ಕಪರಿಶೋಧನೆ ನಡೆಯಬೇಕು. ಟ್ರಸ್ಟಿಗಳು ಬದಲಾದರೆ 90 ದಿನಗಳೊಳಗೆ ಚಾರಿಟಿ ಕಮಿಷನರ್ ಕಚೇರಿಗೆ ‘ಚೇಂಜ್ ರಿಪೋರ್ಟ್’ ಸಲ್ಲಬೇಕು. ಡೊಂಬಿವಿಲಿಯ ಶಾಲೆಗೂ ನವಿ ಮುಂಬೈಯ ದೇವಸ್ಥಾನಕ್ಕೂ ಟ್ರಸ್ಟ್ ಆಗಿದ್ದರೆ ಇದೇ ನಿಯಮ. ಸಂಸ್ಥೆ ಎರಡು ಬಣವಾದಾಗ ತಾವೇ ನಿಜವಾದ ಸಮಿತಿ ಎನ್ನುವ ಎರಡು ವರದಿಗಳು ಒಂದೇ ಮೇಜಿಗೆ ಬರುತ್ತವೆ. ಆಗ ಬೇಕಾಗುವುದು ಸದಸ್ಯರ ಪಟ್ಟಿ, ಸಭೆಯ ನೋಟಿಸು, ನಡಾವಳಿ ಪುಸ್ತಕ. ಅವು ಒಂದು ಬಣದ ಕಪಾಟಿನಲ್ಲಿ ಸಿಕ್ಕಿಕೊಂಡರೆ ವ್ಯಾಜ್ಯ ವರ್ಷಗಟ್ಟಲೆ ಎಳೆಯುತ್ತದೆ.

ಮಲಂಗಗಡದ ಜಗಳ ಮುಗಿದಿಲ್ಲ. 1980ರ ದಶಕದಲ್ಲಿ ಶಿವಸೇನೆಯ ಆನಂದ ದಿಘೆ ಅದನ್ನು ಬೀದಿಗೆ ತಂದರು. 2024ರ ಜನವರಿಯಲ್ಲಿ ಆಗಿನ ಮುಖ್ಯಮಂತ್ರಿ ಏಕನಾಥ ಶಿಂದೆ ‘ಮುಕ್ತಿ’ಯ ಮಾತನ್ನು ಮತ್ತೆ ಎತ್ತಿದರು. ಬೀದಿಯಲ್ಲಿ ಕೇಳಿಬರುವ ಪ್ರಶ್ನೆ ಗೋರಿ ಯಾರದು ಎಂಬುದು. 1968ರ ತೀರ್ಪು ಕೇಳಿದ್ದು ಭಕ್ತರ ಹಣದ ಲೆಕ್ಕ ಎಲ್ಲಿ ಎಂದು. ಯಾವ ಧರ್ಮದ ಟ್ರಸ್ಟಿಯೇ ಬಂದರೂ ಆ ಪ್ರಶ್ನೆಗೆ ಉತ್ತರ ಕೊಡಲೇಬೇಕು.