ಮಿಲ್ಲು ಕೂಗಿದ ಬೆಂಗಳೂರು

1950ರ ಸುಮಾರಿಗೆ ಬಿನ್ನಿಪೇಟೆ, ಕಾಟನ್‌ಪೇಟೆಯ ವಠಾರಗಳಲ್ಲಿ ಗಡಿಯಾರವಿದ್ದ ಮನೆಗಳು ಕಡಿಮೆ. ಬಿನ್ನಿ ಮಿಲ್ಲು ಕೂಗಿದರೆ ಒಲೆ ಹೊತ್ತಬೇಕು, ಮತ್ತೊಮ್ಮೆ ಕೂಗುವಷ್ಟರಲ್ಲಿ ಬುತ್ತಿ ಹಿಡಿದವರು ಗೇಟು ದಾಟಿರಬೇಕು. ಮಲ್ಲೇಶ್ವರದ ಕಡೆಯವರಿಗೆ ರಾಜಾ ಮಿಲ್ಲಿತ್ತು. ಹತ್ತೊಂಬತ್ತನೇ ಶತಮಾನದಲ್ಲೇ ಹುಟ್ಟಿದ ಈ ಬಟ್ಟೆ ಮಿಲ್ಲುಗಳು ಇಡೀ ಪೇಟೆಗಳ ಊಟ, ನಿದ್ದೆಯನ್ನೇ ಪಾಳಿಗೆ ಹೊಂದಿಸಿಬಿಟ್ಟಿದ್ದವು.

ಒಳಗಿನ ದುಡಿಮೆ ಕಠಿಣ. ಗಾಳಿ ಒಣಗಿದರೆ ನೂಲು ಕಡಿಯುತ್ತದೆ. ಹಾಗಾಗಿ ನೂಲುವ, ನೇಯುವ ಕಡೆ ಬೇಕೆಂದೇ ತೇವ ಉಳಿಸುತ್ತಿದ್ದರು. ಬೇಸಿಗೆಯಲ್ಲಿ ಆ ಸೆಕೆಗೆ ಬಟ್ಟೆ ಮೈಗೆ ಅಂಟಿಕೊಳ್ಳುತ್ತಿತ್ತು. ಹತ್ತಿಯ ಧೂಳು ಕೂದಲು, ಹುಬ್ಬಿನ ಮೇಲೆ ಬೆಳ್ಳಗೆ ಕೂರುತ್ತಿತ್ತು. ಮಗ್ಗಗಳ ಅಬ್ಬರದಲ್ಲಿ ಪಕ್ಕದವರ ಮಾತೂ ಕೇಳದು, ಕೈಸನ್ನೆಯಲ್ಲೇ ಎಲ್ಲ ತಿಳಿಯಬೇಕು. ಎಷ್ಟೋ ಜನರಿಗೆ ಕೆಲಸ ಬಿಟ್ಟ ಮೇಲೂ ಕೆಮ್ಮು ಬಿಡಲಿಲ್ಲ. ಇದನ್ನು ಮರೆತು ಆ ಕಾಲವನ್ನು ಬರೀ ಹೊಗಳುವುದು ನ್ಯಾಯವಲ್ಲ.

ದುಡಿಮೆಯದಷ್ಟೇ ಅಲ್ಲ, ಸಾಲದ ಕಷ್ಟವೂ ಇತ್ತು: ಬಟವಾಡೆಯ ದಿನ ಗೇಟಿನೆದುರು ಸಾಲ ಕೊಟ್ಟವರೂ ಕಾದಿರುತ್ತಿದ್ದರು.

ಇಂಥ ದುಡಿಮೆಗೆ 1948ರ ಕಾರ್ಖಾನೆ ಕಾಯ್ದೆ ವಾರಕ್ಕೆ 48 ಗಂಟೆಯ ಮಿತಿ ಹಾಕಿತು, ದೊಡ್ಡ ಕಾರ್ಖಾನೆಗಳಿಗೆ ಕ್ಯಾಂಟೀನಿನ ಹೊಣೆ ಹೊರಿಸಿತು. 1952ರಲ್ಲಿ ಭವಿಷ್ಯನಿಧಿ ಕಾಯ್ದೆಯೂ ಬಂತು. ಅಷ್ಟರಲ್ಲಿ ಊರಿನ ಹೊರಗೆ ಬೇರೆಯದೇ ಕಾರ್ಮಿಕ ಲೋಕ ಬೆಳೆಯುತ್ತಿತ್ತು: 1940ರ ಎಚ್‌ಎಎಲ್, 1948ರ ಐಟಿಐ, 1953ರ ಎಚ್‌ಎಂಟಿ, 1954ರ ಬಿಇಎಲ್. ಸರ್ಕಾರಿ ಕಾರ್ಖಾನೆಯ ಕೆಲಸವೆಂದರೆ ಹೆಣ್ಣು ಕೊಡುವವರಿಗೂ ಧೈರ್ಯ. ದೂರವಾಣಿನಗರ, ಜಾಲಹಳ್ಳಿಯ ಕಾಲೊನಿಗಳಲ್ಲಿ ಕ್ವಾರ್ಟರ್ಸು, ಶಾಲೆ, ಆಸ್ಪತ್ರೆ ಎಲ್ಲವೂ ಬಂದವು.

ಈ ಬದುಕಿನ ಸಡಗರ ನೋಡಬೇಕಿದ್ದರೆ ಆಯುಧಪೂಜೆಗೆ ಹೋಗಬೇಕಿತ್ತು. ಲೇತ್ ಮೆಷಿನ್ನಿನ ಎಣ್ಣೆ ಜಿಡ್ಡು ಒರೆಸಿ, ಅರಿಶಿನ ಕುಂಕುಮವಿಟ್ಟು, ಬಾಳೆಕಂದು ಕಟ್ಟಿ, ಚೆಂಡುಹೂವಿನ ಹಾರ ಹಾಕುತ್ತಿದ್ದರು. ಕುಂಕುಮ ತುಂಬಿದ ಬೂದುಗುಂಬಳ ಬಾಗಿಲಲ್ಲಿ ಒಡೆಯುತ್ತಿತ್ತು. ವರ್ಷವಿಡೀ ಬಾಗಿಲಾಚೆ ಉಳಿಯುತ್ತಿದ್ದ ಹೆಂಡತಿ ಮಕ್ಕಳು ಅಂದು ಒಳಗೆ ಬಂದು, ‘ಇದೇ ನನ್ನ ಮೆಷಿನ್ನು’ ಎಂದು ಅಪ್ಪ ತೋರಿಸಿದ್ದನ್ನು ಕಣ್ಣರಳಿಸಿ ನೋಡುತ್ತಿದ್ದರು. ಮರಳುವಾಗ ಕೈಯಲ್ಲಿ ಕಡ್ಲೆಪುರಿ, ಸಿಹಿಯ ಪೊಟ್ಟಣ.

ಆ ಮಕ್ಕಳಲ್ಲಿ ಎಷ್ಟೋ ಮಂದಿ ಕಾಲೊನಿಯ ಶಾಲೆಯಲ್ಲೇ ಓದಿ, ಅಪ್ಪನ ಓವರ್‌ಟೈಮ್ ದುಡ್ಡಿನಲ್ಲಿ ಕಾಲೇಜು ಫೀಸು ಕಟ್ಟಿ ಎಂಜಿನಿಯರುಗಳಾದರು. ಇದನ್ನು ಓದುತ್ತಿರುವ ಮನೆಗಳಲ್ಲೂ ಅಂಥವರು ಇದ್ದಾರೆ.