ಕಲ್ಯಾಣ, ಪೈಠಣ ಮತ್ತು ಪರೀಕ್ಷೆಯ ಪುಸ್ತಕ: ಮಿತಾಕ್ಷರಾ–ಮಯೂಖಗಳ ಪಠ್ಯಜೀವನ

ದಖ್ಖನ್ ಸೀಮೆಯಲ್ಲಿ ಹಿಂದೂ ಕಾನೂನನ್ನು ಆಳವಾಗಿ ಓದುವ ವಿದ್ಯಾರ್ಥಿ ಎರಡು ಸಂಸ್ಕೃತ ಗ್ರಂಥಗಳನ್ನು ದಾಟಿಯೇ ಮುಂದೆ ಹೋಗಬೇಕು. ಒಂದು, ವಿಜ್ಞಾನೇಶ್ವರನ ಮಿತಾಕ್ಷರಾ. ಇದು ಹುಟ್ಟಿದ್ದು ಚಾಲುಕ್ಯ ಆರನೆಯ ವಿಕ್ರಮಾದಿತ್ಯನ (1076–1126) ರಾಜಧಾನಿ ಕಲ್ಯಾಣದಲ್ಲಿ, ಅಂದರೆ ಬೀದರ ಜಿಲ್ಲೆಯ ಇಂದಿನ ಬಸವಕಲ್ಯಾಣದಲ್ಲಿ. ಇನ್ನೊಂದು, ಹದಿನೇಳನೆಯ ಶತಮಾನದ ಮೊದಲರ್ಧದಲ್ಲಿ ನೀಲಕಂಠ ಭಟ್ಟ ಬರೆದ ವ್ಯವಹಾರಮಯೂಖ. ನೀಲಕಂಠ ಕಾಶಿಯ ಪಂಡಿತ. ಆದರೆ ಅವನ ಮುತ್ತಜ್ಜ ರಾಮೇಶ್ವರ ಭಟ್ಟ ಕಾಶಿಗೆ ಹೊರಟದ್ದು ಗೋದಾವರಿ ದಡದ ಪೈಠಣದಿಂದ. ಪೈಠಣ ಇಂದು ಛತ್ರಪತಿ ಸಂಭಾಜಿನಗರ ಜಿಲ್ಲೆಯಲ್ಲಿದೆ. ಅದೇ ಗೋದಾವರಿಯ ಮೇಲುಹರಿವಿನಲ್ಲಿ ನಾಸಿಕದ ಪಂಚವಟಿ.

ಈ ಎರಡು ಗ್ರಂಥಗಳು ಕೋರ್ಟಿನ ಆಧಾರಗಳಾಗಿ, ಆಮೇಲೆ ಪರೀಕ್ಷೆಯ ಪಠ್ಯಗಳಾಗಿ ಮಾರ್ಪಟ್ಟ ಬಗೆಯನ್ನು ಇಲ್ಲಿ ಪರಿಶೀಲಿಸಲಾಗಿದೆ. ಆ ಮಾರ್ಪಾಟಿನಲ್ಲಿ ಗ್ರಂಥಕಾರರ ತೀರ್ಮಾನಗಳು ಉಳಿದವು, ತೀರ್ಮಾನಕ್ಕೆ ಬಂದ ದಾರಿ ಪುಟಗಳಿಂದ ಮರೆಯಾಯಿತು ಎಂಬುದು ನನ್ನ ವಾದ. ಆ ದಾರಿ ಗೊತ್ತಿಲ್ಲದ ವಿದ್ಯಾರ್ಥಿಗೆ ಇಂದಿನ ಸುಪ್ರೀಂ ಕೋರ್ಟಿನ ತೀರ್ಪುಗಳೂ ಅರ್ಧ ಮಾತ್ರ ಅರ್ಥವಾಗುತ್ತವೆ.

ಮಿತಾಕ್ಷರಾ ಯಾಜ್ಞವಲ್ಕ್ಯ ಸ್ಮೃತಿಯ ವ್ಯಾಖ್ಯಾನ. ಆಚಾರ, ವ್ಯವಹಾರ, ಪ್ರಾಯಶ್ಚಿತ್ತ ಎಂದು ಮೂರು ಅಧ್ಯಾಯಗಳಲ್ಲಿ ಅದು ಹರಡಿಕೊಂಡಿದೆ. ವಾರನ್ ಹೇಸ್ಟಿಂಗ್ಸನ 1772ರ ಯೋಜನೆಯ ಪ್ರಕಾರ ಹಿಂದೂಗಳ ಉತ್ತರಾಧಿಕಾರ, ವಿವಾಹದಂಥ ವ್ಯಾಜ್ಯಗಳನ್ನು ಶಾಸ್ತ್ರಕ್ಕೆ ಅನುಸಾರವಾಗಿ ತೀರ್ಮಾನಿಸಬೇಕಾಗಿತ್ತು. ಇಂಗ್ಲಿಷ್ ನ್ಯಾಯಾಧೀಶರಿಗೆ ಬೇಕಾದದ್ದು ಆಸ್ತಿಯ ಭಾಗವಷ್ಟೇ. 1810ರಲ್ಲಿ ಕೋಲ್‌ಬ್ರೂಕ್ ಆ ಮಹಾವ್ಯಾಖ್ಯಾನದಿಂದ ದಾಯವಿಭಾಗವನ್ನು ಮಾತ್ರ ಬಿಡಿಸಿ, ಜೀಮೂತವಾಹನನ ದಾಯಭಾಗವೆಂಬ ಗ್ರಂಥದ ಜೊತೆ ಇಂಗ್ಲಿಷಿನಲ್ಲಿ ಪ್ರಕಟಿಸಿದ. ವ್ಯವಹಾರಮಯೂಖದ ಕಥೆಯೂ ಇದೇ. ನೀಲಕಂಠನ ಭಗವಂತಭಾಸ್ಕರದಲ್ಲಿ ಹನ್ನೆರಡು ಮಯೂಖಗಳಿವೆ. 1827ರಲ್ಲಿ ಬೊರಡೇಲ್ ಸೂರತ್ತಿನಲ್ಲಿ ಇಂಗ್ಲಿಷಿಗೆ ತಂದದ್ದು ಅವುಗಳಲ್ಲಿ ಒಂದನ್ನು. ಮುಂಬಯಿ ಪ್ರಾಂತದ ಕೋರ್ಟುಗಳಲ್ಲಿ ಶಾಸ್ತ್ರಿಗಳು ಕೊಟ್ಟಿದ್ದ ವ್ಯವಸ್ಥೆಗಳನ್ನು, ಅಂದರೆ ಶಾಸ್ತ್ರಾಭಿಪ್ರಾಯಗಳನ್ನು, ಕಲೆಹಾಕಿ ವೆಸ್ಟ್ ಮತ್ತು ಬ್ಯೂಲರ್ 1867 ಮತ್ತು 1869ರಲ್ಲಿ ಸಂಗ್ರಹಗ್ರಂಥ ಹೊರಡಿಸಿದರು. ಅಷ್ಟರಲ್ಲಿ, 1864ರಲ್ಲೇ, ಕೋರ್ಟಿನ ಶಾಸ್ತ್ರಿಗಳ ಹುದ್ದೆ ರದ್ದಾಗಿತ್ತು. ಶಾಸ್ತ್ರಿಗಳು ಹೋದರು, ಪುಸ್ತಕ ಅವರ ಜಾಗದಲ್ಲಿ ಕೂತಿತು. ಮೇನ್‌ನ ಹಿಂದೂ ಕಾನೂನು ಗ್ರಂಥ (1878), ಮುಲ್ಲಾರ ಗ್ರಂಥ (1912) ಈ ಖಾಲಿ ಜಾಗಕ್ಕೆ ಬಂದವು. ಮುಲ್ಲಾ ಪ್ರತಿಯೊಂದು ನಿಯಮಕ್ಕೂ ಒಂದು ಕ್ರಮಸಂಖ್ಯೆ, ಕೆಳಗೆ ಉದಾಹರಣೆ, ಅದರ ಕೆಳಗೆ ತೀರ್ಪು ಎಂಬ ಕ್ರಮ ಹಾಕಿಕೊಟ್ಟರು. ಪರೀಕ್ಷೆಗೆ ಓದುವವರಿಗೆ ಇಷ್ಟು ಅನುಕೂಲವಾದ ಏರ್ಪಾಡು ಬೇರೊಂದಿಲ್ಲ. ಅದರ ಜನಪ್ರಿಯತೆಗೆ ಇದೇ ಕಾರಣ, ಅದರ ಮಿತಿಯೂ ಇದೇ.

ಮಿತಿ ಏನೆಂಬುದಕ್ಕೆ ಒಂದೇ ಒಂದು ಸ್ಥಳವನ್ನು ಹತ್ತಿರದಿಂದ ನೋಡೋಣ. ಗಂಡುಮಕ್ಕಳಿಲ್ಲದೆ ಸತ್ತವನ ಆಸ್ತಿ ಯಾರಿಗೆ ಎಂದು ಹೇಳುವಾಗ ಯಾಜ್ಞವಲ್ಕ್ಯ ಹೆಂಡತಿ, ಹೆಣ್ಣುಮಕ್ಕಳ ನಂತರ ತಂದೆತಾಯಿಯರನ್ನು ‘ಪಿತರೌ’ ಎಂಬ ಒಂದೇ ದ್ವಿವಚನದಲ್ಲಿ ಹೇಳಿ ಮುಂದೆ ಹೋಗುತ್ತಾನೆ. ಇಬ್ಬರಲ್ಲಿ ಮೊದಲು ಯಾರು? ವಿಜ್ಞಾನೇಶ್ವರ ಆ ಸಮಾಸವನ್ನು ಬಿಡಿಸಿದಾಗ ತಾಯಿಯ ಹೆಸರು ಮೊದಲು ಬರುತ್ತದೆಂದು ವ್ಯಾಕರಣದಿಂದ ತೋರಿಸುತ್ತಾನೆ. ಅಷ್ಟಕ್ಕೇ ನಿಲ್ಲದೆ, ತಂದೆ ಬೇರೆ ಹೆಂಡಿರ ಮಕ್ಕಳಿಗೂ ಸಮಾನ, ತಾಯಿಯಾದರೋ ಈ ಮಗನಿಗೇ ಸೇರಿದವಳು, ಆದ್ದರಿಂದ ಅವಳ ಸಾಮೀಪ್ಯ ಹೆಚ್ಚು ಎಂದು ಯುಕ್ತಿ ಕೊಡುತ್ತಾನೆ. ತಾಯಿಗೆ ಮೊದಲ ಸ್ಥಾನ. ನೀಲಕಂಠ ಈ ವಾದವನ್ನು ಒಪ್ಪದೆ ತಂದೆಯನ್ನು ಮುಂದಿಡುತ್ತಾನೆ. ಆದರೆ ಅದೇ ನೀಲಕಂಠ ಸಹೋದರಿಗೆ ಅಜ್ಜಿಯ ನಂತರ ಸ್ಪಷ್ಟ ಸ್ಥಾನ ಕೊಡುತ್ತಾನೆ. ಪಠ್ಯಪುಸ್ತಕದಲ್ಲಿ ಇದು ಎರಡು ಸಾಲು: ಮಿತಾಕ್ಷರಾ ಪ್ರಕಾರ ತಾಯಿ, ಮಯೂಖದ ಪ್ರಕಾರ ತಂದೆ. ವಿದ್ಯಾರ್ಥಿ ಬಾಯಿಪಾಠ ಮಾಡುತ್ತಾನೆ. ಒಬ್ಬ ವ್ಯಾಖ್ಯಾನಕಾರ ಕಾನೂನಿನ ಮೌನವನ್ನು ಹೇಗೆ ತುಂಬುತ್ತಾನೆ ಎಂಬ ಪಾಠ ಅಲ್ಲಿಗೆ ಕಳೆದುಹೋಗುತ್ತದೆ. ಶಾಸನದ ಅರ್ಥವಿವರಣೆಯ ಬಗ್ಗೆ ಪ್ರಶ್ನೆಗೆ ಉತ್ತರ ಬರೆಯುವ ಸ್ನಾತಕೋತ್ತರ ವಿದ್ಯಾರ್ಥಿಗೆ ಬೇಕಾದ ಮಾದರಿ ಇದಕ್ಕಿಂತ ಚೆನ್ನಾಗಿ ಎಲ್ಲಿ ಸಿಗುತ್ತದೆ?

ಯಾವ ಊರಿನಲ್ಲಿ ಯಾವ ಗ್ರಂಥ ಮೇಲು ಎಂಬುದನ್ನು ಮುಂಬಯಿ ಹೈಕೋರ್ಟು ಜಿಲ್ಲೆ ಜಿಲ್ಲೆಗೆ ಬೇರೆ ಮಾಡಿತು. ಗುಜರಾತ, ಮುಂಬಯಿ ದ್ವೀಪ, ಉತ್ತರ ಕೊಂಕಣಗಳಲ್ಲಿ ಭಿನ್ನಾಭಿಪ್ರಾಯ ಬಂದರೆ ಮಯೂಖದ ಮಾತೇ ಅಂತಿಮ; ಮಹಾರಾಷ್ಟ್ರದ ಉಳಿದ ಭಾಗದಲ್ಲೂ ಉತ್ತರ ಕನ್ನಡದಲ್ಲೂ ಮಿತಾಕ್ಷರಾ; ಪುಣೆ, ಅಹಮದನಗರ, ಖಾನದೇಶಗಳಲ್ಲಿ ಎರಡಕ್ಕೂ ಸಮಾನ ಮನ್ನಣೆ. ನಾಸಿಕ ಜಿಲ್ಲೆಯನ್ನು 1869ರಲ್ಲಿ ರಚಿಸಿದ್ದು ಅಹಮದನಗರ ಮತ್ತು ಖಾನದೇಶದ ಭಾಗಗಳಿಂದ ಎಂಬುದನ್ನು ನೆನೆದರೆ ಪಂಚವಟಿಯ ಕಕ್ಷಿದಾರನಿಗೆ ಇದು ಎಷ್ಟು ಬಿಗಿಯಾದ ಗಂಟಾಗಿತ್ತೆಂದು ತಿಳಿಯುತ್ತದೆ. ಇನ್ನೂ ವಿಚಿತ್ರವೆಂದರೆ, ಒಂದು ಗ್ರಂಥದ ತವರೂ ಇನ್ನೊಂದರ ಕರ್ತನ ಮನೆತನದ ಊರೂ ಈ ಹೈಕೋರ್ಟಿನ ವ್ಯಾಪ್ತಿಯ ಹೊರಗಿದ್ದವು. ಕಲ್ಯಾಣವೂ ಪೈಠಣವೂ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿದ್ದವು. 1956ರ ನವೆಂಬರಿನಲ್ಲಿ ಬೀದರ ಮೈಸೂರಿಗೆ, ಔರಂಗಾಬಾದ್ (ಇಂದಿನ ಛತ್ರಪತಿ ಸಂಭಾಜಿನಗರ) ಮುಂಬಯಿ ರಾಜ್ಯಕ್ಕೆ ಸೇರಿದವು. ಅಷ್ಟು ಹೊತ್ತಿಗೆ ಅದೇ ವರ್ಷದ ಜೂನಿನಲ್ಲಿ ಹಿಂದೂ ಉತ್ತರಾಧಿಕಾರ ಅಧಿನಿಯಮ ಜಾರಿಗೆ ಬಂದು, ಶಾಸನದಲ್ಲಿ ಹೇಳಿದ ವಿಷಯಗಳಲ್ಲಿ ಹಳೆಯ ಗ್ರಂಥಗಳ ಅಧಿಕಾರವನ್ನು 4ನೆಯ ಕಲಮು ಕೊನೆಗಾಣಿಸಿತ್ತು.

ಪಾಂಡುರಂಗ ವಾಮನ ಕಾಣೆ ಅವರ ಕೆಲಸಕ್ಕೆ ಈ ಇತಿಹಾಸದಲ್ಲಿ ಬೇರೆಯೇ ಸ್ಥಾನವಿದೆ. ಮುಂಬಯಿಯ ಸರಕಾರಿ ಕಾನೂನು ಕಾಲೇಜಿನಲ್ಲಿ ಪಾಠ ಹೇಳಿದ್ದ ಅವರು 1926ರಲ್ಲಿ ವ್ಯವಹಾರಮಯೂಖವನ್ನು ಸಂಪಾದಿಸಿದರು. ಪುಸ್ತಕಕ್ಕೊಂದು ಪೀಠಿಕೆ ಬರೆಯಲು ಕೂತದ್ದು ಬೆಳೆಯುತ್ತ ಬೆಳೆಯುತ್ತ ಧರ್ಮಶಾಸ್ತ್ರದ ಇತಿಹಾಸವಾಯಿತು. ಮೊದಲ ಸಂಪುಟ 1930ರಲ್ಲಿ, ಐದನೆಯದು ಮುಗಿದದ್ದು 1962ರಲ್ಲಿ. ಕಾಣೆ ವಾದವನ್ನು ವಾದವಾಗಿಯೇ ಉಳಿಸುತ್ತಾರೆ: ಯಾರು ಯಾರನ್ನು ಖಂಡಿಸಿದರು, ಯಾವ ಮೀಮಾಂಸಾ ನ್ಯಾಯದ ಬಲದ ಮೇಲೆ ಎಂಬುದನ್ನು ಟಿಪ್ಪಣಿಗಳಲ್ಲಿ ಬಿಡಿಸುತ್ತಾರೆ. ಪರೀಕ್ಷಾ ಪಠ್ಯ ಬರೆಯುವವರು ಮುಲ್ಲಾರ ಕ್ರಮಸಂಖ್ಯೆಗಳ ಜೊತೆಗೆ ಇದನ್ನೂ ತೆಗೆದುಕೊಳ್ಳಬೇಕಿತ್ತು.

ಮೊದಲ ಸಂಪುಟ ಬಂದ ವರ್ಷವೇ, 1930ರ ಮಾರ್ಚ್ 2ರಂದು, ಪಂಚವಟಿಯ ಕಾಳಾರಾಮ ಮಂದಿರದ ಮುಂದೆ ದಲಿತರ ಪ್ರವೇಶ ಸತ್ಯಾಗ್ರಹ ಆರಂಭವಾಯಿತು. ಅದರ ನಾಯಕ ಡಾ. ಬಿ. ಆರ್. ಅಂಬೇಡ್ಕರ್ ಕೂಡ ಅದೇ ಸರಕಾರಿ ಕಾನೂನು ಕಾಲೇಜಿನ ಅಧ್ಯಾಪಕ, 1935ರಲ್ಲಿ ಪ್ರಾಂಶುಪಾಲ. ಅದೇ 1935ರಲ್ಲಿ ನಾಸಿಕ ಜಿಲ್ಲೆಯ ಯೇವಲೆಯಲ್ಲಿ ಹಿಂದೂವಾಗಿ ಸಾಯುವುದಿಲ್ಲವೆಂದು ಘೋಷಿಸಿದರು. ಅವರ ಹಿಂದೂ ಸಂಹಿತೆಯ ಮಸೂದೆ ಮಿತಾಕ್ಷರಾದ ಜನ್ಮಸಿದ್ಧ ಹಕ್ಕನ್ನೇ, ಅಂದರೆ ಪಿತ್ರಾರ್ಜಿತ ಆಸ್ತಿಯಲ್ಲಿ ಗಂಡುಮಕ್ಕಳಿಗೆ ಹುಟ್ಟಿನಿಂದಲೇ ಬರುವ ಪಾಲನ್ನೇ, ತೆಗೆದುಹಾಕಲು ಹೊರಟಿತ್ತು. ಮಸೂದೆ ಮುಂದೆ ಸಾಗದೆ 1951ರಲ್ಲಿ ಅವರು ಕಾನೂನು ಮಂತ್ರಿ ಪದಕ್ಕೆ ರಾಜೀನಾಮೆ ಕೊಟ್ಟರು. ಇಷ್ಟನ್ನು ಇಲ್ಲಿ ಹೇಳಲು ಕಾರಣವಿದೆ. ಮಿತಾಕ್ಷರಾವನ್ನು ಓದುವ ವಿದ್ಯಾರ್ಥಿ ಅದರ ತರ್ಕದ ಸೂಕ್ಷ್ಮತೆಯನ್ನೂ, ಅದು ಯಾರನ್ನು ಹೊರಗಿಟ್ಟಿತು ಎಂಬುದನ್ನೂ ಒಟ್ಟಿಗೆ ಕಲಿಯಬೇಕು. ಆ ಎರಡನೆಯ ಭಾಗವಿಲ್ಲದ ಪಠ್ಯವನ್ನು ನಾನು ಅಪೂರ್ಣವೆಂದೇ ಎಣಿಸುತ್ತೇನೆ.

1956ರ ಅಧಿನಿಯಮ ಜನ್ಮಸಿದ್ಧ ಹಕ್ಕನ್ನು 6ನೆಯ ಕಲಮಿನಲ್ಲಿ ಉಳಿಸಿಕೊಂಡಿತು. ಹಾಗಾಗಿಯೇ ಕಲ್ಯಾಣದ ಗ್ರಂಥ ಇಂದಿಗೂ ಪಠ್ಯಕ್ರಮದಲ್ಲಿದೆ. 1994ರಲ್ಲಿ ಕರ್ನಾಟಕವೂ ಮಹಾರಾಷ್ಟ್ರವೂ ಮಗಳಿಗೆ ಆ ಹಕ್ಕು ಕೊಟ್ಟವು, ಆದರೆ ಅದಕ್ಕೆ ಮುಂಚೆ ಮದುವೆಯಾದವಳನ್ನು ಬಿಟ್ಟವು. 2005ರ ಕೇಂದ್ರ ತಿದ್ದುಪಡಿ ಆ ಭೇದವನ್ನು ತೆಗೆಯಿತು. ಆಗ ಹೊಸ ಪ್ರಶ್ನೆ ಎದ್ದಿತು: ತಿದ್ದುಪಡಿ ಬರುವಾಗ ತಂದೆ ಬದುಕಿರಬೇಕೆ? ಕರ್ನಾಟಕದಿಂದ ಹೋದ ಪ್ರಕಾಶ್ ವಿರುದ್ಧ ಫೂಲವತಿ ಪ್ರಕರಣದಲ್ಲಿ (2015) ಸುಪ್ರೀಂ ಕೋರ್ಟು ಬದುಕಿರಬೇಕೆಂದಿತು. ಕರ್ನಾಟಕದ್ದೇ ಇನ್ನೊಂದು ಮೇಲ್ಮನವಿ, ದಾನಮ್ಮ ಪ್ರಕರಣದಲ್ಲಿ (2018), ತಂದೆ ಮೊದಲೇ ತೀರಿಹೋಗಿದ್ದರೂ ಹೆಣ್ಣುಮಕ್ಕಳಿಗೆ ಪಾಲು ದೊರೆಯಿತು. 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಗೊಂದಲವನ್ನು ಪರಿಹರಿಸಿತು: ಹಕ್ಕು ಹುಟ್ಟಿನಿಂದ ಬರುವುದರಿಂದ ತಂದೆ ಬದುಕಿರಬೇಕಾದ ಅಗತ್ಯವಿಲ್ಲ. ತೀರ್ಪಿನ ಕೀಲು ಇರುವುದು ಮಿತಾಕ್ಷರಾದ ಮೂಲ ಕಲ್ಪನೆಯಲ್ಲಿ. ಒಡೆಯನ ಸಾವಿನಿಂದ ಸಿಗುವ ಪಾಲು, ಜನನದಿಂದಲೇ ಸಿಗುವ ಪಾಲು ಎಂದು ವಿಜ್ಞಾನೇಶ್ವರ ಮಾಡುವ ಭೇದವನ್ನು ಮೂಲದಲ್ಲಿ ಓದಿದವರಿಗೆ 2015ರ ತೀರ್ಪು ಎಡವಿದ ಜಾಗ ತಟ್ಟನೆ ಕಾಣುತ್ತದೆ.

ಛತ್ರಪತಿ ಸಂಭಾಜಿನಗರದಲ್ಲಿ 2017ರಿಂದ ರಾಷ್ಟ್ರೀಯ ಕಾನೂನು ವಿಶ್ವವಿದ್ಯಾಲಯವಿದೆ, ಹುಬ್ಬಳ್ಳಿಯಲ್ಲಿ ಕರ್ನಾಟಕ ರಾಜ್ಯ ಕಾನೂನು ವಿಶ್ವವಿದ್ಯಾಲಯವಿದೆ. ಇವೆರಡೂ ಸೇರಿ ದಾಯವಿಭಾಗಕ್ಕೆ ಒಂದು ಪಾಠಾವೃತ್ತಿಯನ್ನು ಕನ್ನಡ, ಮರಾಠಿ ಎರಡರಲ್ಲೂ ತರಬಹುದು. ಎಡಪುಟದಲ್ಲಿ ಮೂಲ ಮತ್ತು ಅರ್ಥ, ಬಲಪುಟದಲ್ಲಿ ನೀಲಕಂಠನ ಆಕ್ಷೇಪ, ಅದರ ಕೆಳಗೆ ಹೈಕೋರ್ಟು–ಸುಪ್ರೀಂ ಕೋರ್ಟುಗಳು ಎಲ್ಲಿ ಒಪ್ಪಿದವು, ಎಲ್ಲಿ ಬಿಟ್ಟವು ಎಂಬುದು. ‘ಪಿತರೌ’ ಪುಟದ ಕೊನೆಗೆ 1956ರ ಅನುಸೂಚಿಯನ್ನು ಕೊಟ್ಟರೆ ಸಾಕು: ಅಲ್ಲಿ ತಾಯಿ ಒಂದನೆಯ ವರ್ಗದ ವಾರಸುದಾರಳು, ತಂದೆ ಎರಡನೆಯ ವರ್ಗದವನು.